ಮರದ ಗುರುತು

ಬಾಗಿಲಿಗೆಂದು ತೇಗದ ಬೆಲೆಯನ್ನು ತೆತ್ತು ನಾವು ತರುವ ಮರವು ತೇಗವೇ ಎಂಬುದನ್ನು ಅರಿಯುವುದು ಹೇಗೆ? ಬಣ್ಣವನ್ನು ನಂಬುವವರೇ ನಮ್ಮಲ್ಲಿ ಹೆಚ್ಚು. ಆದರೆ ಬಣ್ಣವು ಬಿಸಿಲಿಗೆ ಮಾಸುವುದು. ಮೆರುಗೆಣ್ಣೆಯಿಂದ ಬೇಕಾದಂತೆ ಬರಿಸಲೂ ಬಹುದು. ಒಳರಚನೆಯನ್ನು ಹಾಗೆ ಬದಲಿಸಲಾಗದು.

‘ಗಟ್ಟಿಮರ’ವೆಂಬ ಶಾಸ್ತ್ರೀಯ ಹೆಸರು ಕಾಠಿಣ್ಯವನ್ನು ಅಳೆದು ಕೊಟ್ಟುದಲ್ಲ. ಹೂಬಿಡುವ ಮರಗಳಲ್ಲಿ ಸಾಮಾನ್ಯವಾಗಿ ನೀರನ್ನೊಯ್ಯುವ ನಾಳಗಳಿರುವುವು, ಇವೇ ಗಟ್ಟಿಮರಗಳು. ಆದುದರಿಂದ ಬೆಂಕಿಕಡ್ಡಿಗೆ ಒದಗುವ ಮೃದುವಾದ ಬೂರುಗವೂ ಗಟ್ಟಿಮರವೇ. ನಾಳಗಳಿಲ್ಲದ ದೇವದಾರುವು ಮೆದುಮರ.

ಹಲಗೆಯ ಅಡ್ಡಕೊಯ್ದ ತುದಿಯನ್ನು ಹರಿತವಾದ ಅಲಗಿನಿಂದ ನುಣ್ಣಗೆ ಹೆರೆದು, 10 ಪಟ್ಟು ಹಿಗ್ಗಿಸುವ ಭೂತಗನ್ನಡಿಯಲ್ಲಿ ನೋಡೋಣ. ನಾಳಗಳ ಬಾಯಿಗಳು ರಂಧ್ರಗಳಾಗಿ ತೋರುವುವು. ತೇಗದಲ್ಲಿ ಪ್ರತಿಯೊಂದು ಬೆಳವಣಿಗೆಯ ಉಂಗುರದ ಆರಂಭದಲ್ಲಿಯೂ ದೊಡ್ಡ ರಂಧ್ರಗಳು ಸಾಲುಗಟ್ಟಿ ನಿಂತಿರುವುವು, ಮುಂದಿನವು ಕಿರಿದಾಗುವುವು. ಬೀಟೆಯಲ್ಲಿ ಇಂತಹ ಸಾಲಿಲ್ಲ. ರಂಧ್ರಗಳು ಎಲ್ಲೆಡೆಯೂ ಚದುರಿರುವುವು.

ಒಂದೇ ಲಕ್ಷಣದಿಂದ ತೀರ್ಮಾನಿಸುವುದು ಯುಕ್ತವಲ್ಲ. ಹೊಸದಾಗಿ ಕೊಯ್ದ ತೇಗವು ಕೈಗೆ ಜಿಡ್ಡೆನಿಸುವುದು. ಹಳೆಯ ತೊಗಲಿನ ವಾಸನೆಯುಂಟು. ಹೊನ್ನೆಯ ಚೇಗಿನ ಚಕ್ಕೆಯನ್ನು ನೆನೆಯಿಟ್ಟ ನೀರು ಬೆಳಕಿನಲ್ಲಿ ನೀಲಿಯಾಗಿ ಹೊಳೆಯುವುದು.

ಈ ಅರಿವು ಕೊಳ್ಳುವವರ ಹಣಕ್ಕೆ ಮಾತ್ರವಲ್ಲ, ಕಾಡಿಗೂ ರಕ್ಷೆ. ಬೀಟೆಯ ಕುಲವೆಲ್ಲವೂ 2017ರಲ್ಲಿ ಅಂತರರಾಷ್ಟ್ರೀಯ ವ್ಯಾಪಾರ ನಿಯಂತ್ರಣಕ್ಕೆ ಒಳಪಟ್ಟಿತು. ಹೆಸರು ಮರೆಸಿ ಸಾಗಿಸಿದ ದಿಮ್ಮಿಗೆ ಎಲೆಯಿಲ್ಲ, ಹೂವಿಲ್ಲ. ಅದರ ಕುಲವನ್ನು ಹೇಳಲು ಉಳಿದಿರುವುದು ಕೊಯ್ದ ತುದಿಯೊಂದೇ. ಬೆಲೆಯನ್ನು ಕೇಳುವ ಮುನ್ನ ನಾವು ಅದನ್ನು ನೋಡುವುದು ಲೇಸು.