ಆಧುನಿಕ ಬ್ರಿಟಿಷ್ ಶಿಲ್ಪಕಲೆ: ನೇರ ಕೆತ್ತನೆಯ ಇತಿಹಾಸ ಮತ್ತು ರಸಗ್ರಹಣ

ಯುರೋಪಿನ ಶಿಲ್ಪಕಲೆಯ ಚರಿತ್ರೆಯಲ್ಲಿ ಬ್ರಿಟನ್ನಿಗೆ ಬಹುಕಾಲ ಗೌಣ ಸ್ಥಾನವೇ ಇತ್ತು. ಇಟಲಿಯು ಮೈಕೆಲೆಂಜೆಲೊ, ಬರ್ನಿನಿ, ಕನೋವಾ ಅವರನ್ನು ನೀಡಿತು. ಫ್ರಾನ್ಸ್ ರೋದಾ ಅವರನ್ನು ನೀಡಿತು. ಹತ್ತೊಂಬತ್ತನೆಯ ಶತಮಾನದ ಕೊನೆಯವರೆಗೂ ಇವರಿಗೆ ಸಮನಾಗಿ ನಿಲ್ಲಬಲ್ಲ ಶಿಲ್ಪಿಯನ್ನು ಬ್ರಿಟನ್ ಕಂಡಿರಲಿಲ್ಲ. ಆದರೆ 1948ರ ವೆನಿಸ್ ಬಿಯೆನಾಲೆಯಲ್ಲಿ ಅಂತರರಾಷ್ಟ್ರೀಯ ಶಿಲ್ಪ ಪ್ರಶಸ್ತಿಯು ಹೆನ್ರಿ ಮೂರ್ ಅವರಿಗೆ ಸಂದಾಗ, ಇಪ್ಪತ್ತನೆಯ ಶತಮಾನದ ಶಿಲ್ಪಕಲೆಯ ಪ್ರಮುಖ ಕೇಂದ್ರಗಳಲ್ಲಿ ಬ್ರಿಟನ್ ಒಂದೆಂಬುದು ನಿರ್ವಿವಾದವಾಯಿತು. ಸುಮಾರು ನಾಲ್ಕು ದಶಕಗಳಲ್ಲಿ ಸಂಭವಿಸಿದ ಈ ಪರಿವರ್ತನೆಯನ್ನು ಕೆಲವು ಪ್ರತಿಭಾವಂತರ ಹೆಸರುಗಳ ಪಟ್ಟಿಯಿಂದ ವಿವರಿಸಲಾಗದು. ಅದರ ಮೂಲದಲ್ಲಿ ಒಂದು ಸರಳವಾದ ಪ್ರಶ್ನೆಯಿದೆ: ಶಿಲ್ಪವನ್ನು ಕಂಡರಿಸುವವರು ಯಾರು? ಈ ಪ್ರಶ್ನೆಯನ್ನು ಅನುಸರಿಸಿ ಬ್ರಿಟಿಷ್ ಶಿಲ್ಪಕಲೆಯ ನಡೆಯನ್ನು ಗುರುತಿಸುವುದು, ಅದರಿಂದ ಶಿಲ್ಪವನ್ನು ನೋಡುವ ಕ್ರಮಕ್ಕೆ ದೊರೆಯುವ ಸೂಚನೆಗಳನ್ನು ವಿವೇಚಿಸುವುದು ಪ್ರಸ್ತುತ ಲೇಖನದ ಉದ್ದೇಶ.

ಮಣ್ಣಿನ ಮಾದರಿ, ಪರರ ಉಳಿ

ಹತ್ತೊಂಬತ್ತನೆಯ ಶತಮಾನದ ಬ್ರಿಟಿಷ್ ಶಿಲ್ಪಿಯು ಸಾಮಾನ್ಯವಾಗಿ ಕಲ್ಲನ್ನು ಕೆತ್ತುತ್ತಿರಲಿಲ್ಲ. ಆತ ಜೇಡಿಮಣ್ಣಿನಲ್ಲಿ ಮಾದರಿಯನ್ನು ರೂಪಿಸುತ್ತಿದ್ದ. ಅದನ್ನು ಪ್ಲಾಸ್ಟರಿಗೆ ಇಳಿಸಿ, ಅದರ ಮೇಲೆ ಬಿಂದುಗಳನ್ನು ಗುರುತಿಸಿ, ‘ಪಾಯಿಂಟಿಂಗ್ ಮಷೀನ್’ ಎಂಬ ಅಳತೆಯ ಸಾಧನದ ನೆರವಿನಿಂದ ಪ್ರತಿ ಬಿಂದುವಿನ ಆಳವನ್ನು ಅಮೃತಶಿಲೆಗೆ ವರ್ಗಾಯಿಸಲಾಗುತ್ತಿತ್ತು. ಕಲ್ಲಿನಲ್ಲಿ ಅಷ್ಟಷ್ಟೇ ಆಳದ ರಂಧ್ರಗಳನ್ನು ಕೊರೆದು, ನಡುವಣ ಕಲ್ಲನ್ನು ತೆಗೆಯುವ ಕೆಲಸ ಶಿಲ್ಪಾಗಾರದ ಸಹಾಯಕರದು. ಕೊನೆಯ ನಯಗಾರಿಕೆಯಲ್ಲಿ ಮಾತ್ರ ಶಿಲ್ಪಿಯ ಕೈ ಸೇರಬಹುದಿತ್ತು. ಕಂಚಿನ ಪ್ರತಿಮೆಯಾದರೆ ಮಾದರಿಯಿಂದ ಅಚ್ಚು, ಅಚ್ಚಿನಿಂದ ಎರಕ. ಎರಡು ಕ್ರಮಗಳಲ್ಲಿಯೂ ರೂಪವು ಹುಟ್ಟುತ್ತಿದ್ದುದು ಮಣ್ಣಿನಲ್ಲಿ. ಶಿಲೆ ಅಥವಾ ಲೋಹವು ಅದನ್ನು ಶಾಶ್ವತಗೊಳಿಸುವ ಮಾಧ್ಯಮ ಮಾತ್ರ.

ಒಂದೇ ಮಾದರಿಯಿಂದ ಅನೇಕ ಪ್ರತಿಮೆಗಳನ್ನು ಸಿದ್ಧಪಡಿಸಲು ಈ ವ್ಯವಸ್ಥೆ ಅನುಕೂಲಕರವಾಗಿತ್ತು. ಸಾಮ್ರಾಜ್ಯದ ನಗರಗಳಿಗೆ ಲಂಡನ್ನಿನಿಂದ ಪ್ರತಿಮೆಗಳು ರವಾನೆಯಾದುದೂ ಇಂಥ ವ್ಯವಸ್ಥೆಯ ಬಲದಿಂದಲೇ. ಫ್ರಾನ್ಸಿಸ್ ಚಾಂಟ್ರಿ ಅವರು ರೂಪಿಸಿದ ಥಾಮಸ್ ಮನ್ರೋ ಅಶ್ವಾರೂಢ ಪ್ರತಿಮೆ 1839ರಲ್ಲಿ ಮದರಾಸಿನಲ್ಲಿ ಸ್ಥಾಪನೆಗೊಂಡಿತು. ಬೆಂಗಳೂರಿನಲ್ಲಿ 1866ರಲ್ಲಿ ನಿಂತ ಸರ್ ಮಾರ್ಕ್ ಕಬ್ಬನ್ ಅವರ ಅಶ್ವಾರೂಢ ಪ್ರತಿಮೆಯು ಇಟಲಿಯಲ್ಲಿ ಜನಿಸಿ ಲಂಡನ್ನಿನಲ್ಲಿ ಹೆಸರು ಮಾಡಿದ ಕಾರ್ಲೊ ಮರೊಚೆಟ್ಟಿ ಅವರದು. ಕಬ್ಬನ್ ಉದ್ಯಾನದಲ್ಲಿ 1906ರಲ್ಲಿ ಅನಾವರಣಗೊಂಡ ವಿಕ್ಟೋರಿಯಾ ರಾಣಿಯ ಅಮೃತಶಿಲೆಯ ಪ್ರತಿಮೆಯು ಥಾಮಸ್ ಬ್ರಾಕ್ ಅವರದು. ಲಂಡನ್ನಿನ ಬಕಿಂಗ್‌ಹ್ಯಾಮ್ ಅರಮನೆಯ ಮುಂದಿನ ವಿಕ್ಟೋರಿಯಾ ಸ್ಮಾರಕದ ಶಿಲ್ಪಿಯೂ ಅವರೇ. ಈ ಪ್ರತಿಮೆಗಳನ್ನು ರಾಜಕೀಯ ಚರಿತ್ರೆಯ ಗುರುತುಗಳೆಂದು ನೋಡುವ ನಾವು, ಅವು ಒಂದು ನಿರ್ದಿಷ್ಟ ಶಿಲ್ಪನಿರ್ಮಾಣ ಪದ್ಧತಿಯ ದಾಖಲೆಗಳೂ ಹೌದೆಂಬುದನ್ನು ಅಷ್ಟಾಗಿ ಗಮನಿಸಿಲ್ಲ.

ಶತಮಾನದ ಕೊನೆಯ ಭಾಗದಲ್ಲಿ ‘ನವಶಿಲ್ಪ’ವೆಂದು ಹೆಸರಾದ ಚಳವಳಿ ಈ ಜಡತೆಯನ್ನು ತುಸು ಕದಲಿಸಿತು. ಫ್ರೆಡರಿಕ್ ಲೇಟನ್ ಅವರು 1877ರಲ್ಲಿ ಪ್ರದರ್ಶಿಸಿದ, ಹೆಬ್ಬಾವಿನೊಡನೆ ಸೆಣಸುವ ಮಲ್ಲನ ಕಂಚಿನ ಶಿಲ್ಪವೂ, ಆಲ್ಫ್ರೆಡ್ ಗಿಲ್ಬರ್ಟ್ ಅವರು ಪಿಕಾಡಿಲಿ ವೃತ್ತಕ್ಕಾಗಿ ಅಲ್ಯೂಮಿನಿಯಂನಲ್ಲಿ ಎರಕ ಹೊಯ್ಯಿಸಿದ, 1893ರಲ್ಲಿ ಅನಾವರಣಗೊಂಡ, ‘ಎರೋಸ್’ ಎಂದೇ ಪ್ರಸಿದ್ಧವಾದ ಮೂರ್ತಿಯೂ ಇದಕ್ಕೆ ನಿದರ್ಶನಗಳು. ಮೈಮಾಟದಲ್ಲಿ, ಚಲನೆಯಲ್ಲಿ, ಲೋಹದ ಬಳಕೆಯಲ್ಲಿ ಹೊಸ ಜೀವಂತಿಕೆ ಬಂದಿತು. ಆದರೆ ರೂಪದ ತವರು ಮಣ್ಣೇ ಆಗಿ ಉಳಿಯಿತು.

1910ರ ವಿವಾದ

ಈ ಹಿನ್ನೆಲೆಯಲ್ಲಿ 1910ನೆಯ ವರ್ಷವು ಭಾರತೀಯ ಓದುಗರಿಗೆ ವಿಶೇಷ ಮಹತ್ತ್ವದ್ದು. ಆ ವರ್ಷದ ಜನವರಿಯಲ್ಲಿ ಲಂಡನ್ನಿನ ರಾಯಲ್ ಸೊಸೈಟಿ ಆಫ್ ಆರ್ಟ್ಸ್‌ನಲ್ಲಿ ಇ. ಬಿ. ಹ್ಯಾವೆಲ್ ಅವರು ಭಾರತದ ಕಲೆಯನ್ನು ಕುರಿತು ಉಪನ್ಯಾಸ ನೀಡಿದರು. ಅಧ್ಯಕ್ಷತೆ ವಹಿಸಿದ್ದ ಸರ್ ಜಾರ್ಜ್ ಬರ್ಡ್‌ವುಡ್ ಭಾರತದ ಕರಕುಶಲತೆಯನ್ನು ಮೆಚ್ಚಿದವರಾಗಿದ್ದರೂ ಅಲ್ಲಿ ಲಲಿತಕಲೆಯೆಂಬುದಿಲ್ಲವೆಂದು ವಾದಿಸಿದರು. ಜಾವಾದ ಧ್ಯಾನಸ್ಥ ಬುದ್ಧನ ಪ್ರತಿಮೆಯೊಂದನ್ನು ಬೇಯಿಸಿದ ಕಡುಬಿಗೆ ಹೋಲಿಸಿದರು. ಇದನ್ನು ಪ್ರತಿಭಟಿಸಿ 13 ಮಂದಿ ಕಲಾವಿದರು ಮತ್ತು ವಿಮರ್ಶಕರು ಸಹಿ ಮಾಡಿದ ಪತ್ರ ಫೆಬ್ರವರಿ 28ರ ‘ಟೈಮ್ಸ್’ ಪತ್ರಿಕೆಯಲ್ಲಿ ಪ್ರಕಟವಾಯಿತು. ಚಿತ್ರಕಾರ ವಿಲಿಯಂ ರೋಥೆನ್‌ಸ್ಟೈನ್, ವಾಲ್ಟರ್ ಕ್ರೇನ್, ಶಿಲ್ಪಿ ಜಾರ್ಜ್ ಫ್ರಾಂಪ್ಟನ್ ಮೊದಲಾದವರು ಸಹಿ ಮಾಡಿದವರಲ್ಲಿದ್ದರು. ಅದೇ ವರ್ಷ ಲಂಡನ್ನಿನಲ್ಲಿ ಇಂಡಿಯಾ ಸೊಸೈಟಿ ಸ್ಥಾಪನೆಗೊಂಡಿತು.

ಈ ವಿವಾದವನ್ನು ಸಾಮಾನ್ಯವಾಗಿ ಭಾರತೀಯ ಕಲಾಮೀಮಾಂಸೆಯ ಚರಿತ್ರೆಯ ಭಾಗವಾಗಿ ಓದಲಾಗುತ್ತದೆ. ಅದು ಬ್ರಿಟಿಷ್ ಶಿಲ್ಪಕಲೆಯ ಚರಿತ್ರೆಯ ಭಾಗವೂ ಹೌದು. ರೋಥೆನ್‌ಸ್ಟೈನ್ ಅವರ ಬಳಗಕ್ಕೆ ಸೇರಿದ್ದ ಎರಿಕ್ ಗಿಲ್ (1882-1940) ಅದುವರೆಗೆ ಕಲ್ಲಿನಲ್ಲಿ ಅಕ್ಷರ ಕೆತ್ತುವ ಕುಶಲಕರ್ಮಿ. ಅಕ್ಷರ ಕೆತ್ತುವವನಿಗೆ ಮಣ್ಣಿನ ಮಾದರಿಯ ಹಂಗಿಲ್ಲ. ಉಳಿ ನೇರವಾಗಿ ಕಲ್ಲಿಗೆ ತಾಗುತ್ತದೆ. ಅದೇ ಕ್ರಮದಲ್ಲಿ ಮನುಷ್ಯರೂಪವನ್ನೂ ಕೆತ್ತಬಹುದೆಂಬ ವಿಶ್ವಾಸ ಗಿಲ್ ಅವರಿಗೆ ಭಾರತೀಯ ಶಿಲ್ಪದ ಛಾಯಾಚಿತ್ರಗಳಿಂದಲೂ ಆನಂದ ಕುಮಾರಸ್ವಾಮಿ ಅವರ ಸ್ನೇಹದಿಂದಲೂ ದೃಢವಾಯಿತು. ಪೋರ್ಟ್‌ಲೆಂಡ್ ಶಿಲೆಯಲ್ಲಿ 1910-11ರಲ್ಲಿ ಅವರು ಕೆತ್ತಿದ ‘ಎಕ್ಸ್‌ಟಸಿ’ ಎಂಬ ಉಬ್ಬುಶಿಲ್ಪದಲ್ಲಿ ನಮ್ಮ ದೇವಾಲಯಗಳ ಮಿಥುನ ಶಿಲ್ಪಗಳ ನೆನಪನ್ನು ವಿದ್ವಾಂಸರು ಗುರುತಿಸಿದ್ದಾರೆ. ಕುಮಾರಸ್ವಾಮಿ ಅವರ ‘ವಿಶ್ವಕರ್ಮ’ ಎಂಬ ಚಿತ್ರಸಂಪುಟಕ್ಕೆ (1914) ಪ್ರವೇಶಿಕೆ ಬರೆದವರೂ ಗಿಲ್ ಅವರೇ.

ಆದರೆ ಈ ಋಣವನ್ನು ಉತ್ಪ್ರೇಕ್ಷಿಸಬಾರದು. ಈಜಿಪ್ಟ್, ಅಸ್ಸೀರಿಯಾ, ಆಫ್ರಿಕಾ, ಮೆಕ್ಸಿಕೋ, ಮಧ್ಯಯುಗದ ಯುರೋಪ್ ಇವೆಲ್ಲವೂ ಆ ಪೀಳಿಗೆಗೆ ಆಕರಗಳಾಗಿದ್ದವು. ಇದಲ್ಲದೆ, ಭಾರತದ ಶಿಲ್ಪಿ ಪ್ರತಿಮಾಲಕ್ಷಣ ಮತ್ತು ತಾಲಮಾನಗಳ ಶಿಸ್ತಿನಲ್ಲಿ, ಸಹಶಿಲ್ಪಿಗಳ ಕೂಟದಲ್ಲಿ ಕೆಲಸ ಮಾಡಿದವನು. ಲಂಡನ್ನಿನ ಹೆಚ್ಚಿನ ಶಿಲ್ಪಿಗಳು ಆ ಪರಂಪರೆಯಿಂದ ಸ್ವೀಕರಿಸಿದ್ದು ಕಲ್ಲಿನ ಘನತೆಯನ್ನು; ಶಾಸ್ತ್ರವನ್ನಾಗಲೀ ಶ್ರೇಣಿಯ ಜೀವನವನ್ನಾಗಲೀ ಅಲ್ಲ. ಕುಶಲಕರ್ಮಿಗಳ ಸಮುದಾಯವನ್ನು ಕಟ್ಟಲು ಯತ್ನಿಸಿದ ಗಿಲ್ ಮಾತ್ರ ಈ ಎರಡನೆಯ ಅಂಶದ ಸಮೀಪಕ್ಕೆ ಬಂದರು.

ಎಪ್‌ಸ್ಟೈನ್ ಮತ್ತು ಸಾರ್ವಜನಿಕ ವಿರೋಧ

ನ್ಯೂಯಾರ್ಕಿನಲ್ಲಿ ಜನಿಸಿ 1905ರಲ್ಲಿ ಲಂಡನ್ನಿಗೆ ಬಂದು ನೆಲೆಸಿದ ಜೇಕಬ್ ಎಪ್‌ಸ್ಟೈನ್ (1880-1959) ಈ ಪರಿವರ್ತನೆಯ ಭಾರವನ್ನು ಹೆಚ್ಚಾಗಿ ಹೊತ್ತವರು. ಸ್ಟ್ರಾಂಡ್ ಬೀದಿಯಲ್ಲಿದ್ದ ಬ್ರಿಟಿಷ್ ವೈದ್ಯಕೀಯ ಸಂಘದ ಕಟ್ಟಡಕ್ಕೆ ಅವರು 1908ರಲ್ಲಿ ರೂಪಿಸಿದ 18 ನಗ್ನ ಮೂರ್ತಿಗಳು ಪತ್ರಿಕೆಗಳಲ್ಲಿ ದೊಡ್ಡ ಕೋಲಾಹಲವನ್ನೆಬ್ಬಿಸಿದವು. ಅಂದು ಉಳಿದುಕೊಂಡ ಆ ಮೂರ್ತಿಗಳು 1937ರಲ್ಲಿ, ಕಟ್ಟಡವು ದಕ್ಷಿಣ ರೊಡೇಷಿಯಾ ಸರ್ಕಾರದ ಕೈಸೇರಿದ್ದಾಗ, ಶಿಥಿಲವಾಗಿವೆಯೆಂಬ ಕಾರಣದಿಂದ ಭಗ್ನಗೊಂಡವು. ಮುಖ, ತೋಳುಗಳಿಲ್ಲದ ಅವುಗಳ ಅವಶೇಷ ಈಗಲೂ ಗೋಡೆಯಲ್ಲಿದೆ. ಪ್ಯಾರಿಸಿನ ಪೇರ್ ಲಾಶೇಸ್ ಸ್ಮಶಾನದಲ್ಲಿರುವ ಆಸ್ಕರ್ ವೈಲ್ಡ್ ಸಮಾಧಿಗೆ (1912) ಎಪ್‌ಸ್ಟೈನ್ ಬೃಹತ್ ಶಿಲೆಯೊಂದನ್ನು ನೇರವಾಗಿ ಕೆತ್ತಿದರು. ಅಲ್ಲಿನ ರೆಕ್ಕೆಯ ಮೂರ್ತಿಯಲ್ಲಿ ಬ್ರಿಟಿಷ್ ಮ್ಯೂಸಿಯಂನ ಅಸ್ಸೀರಿಯನ್ ಶಿಲ್ಪಗಳ ಛಾಯೆ ಸ್ಪಷ್ಟವಾಗಿದೆ.

ಗಮನಿಸಬೇಕಾದ ಸಂಗತಿಯೆಂದರೆ, ಎಪ್‌ಸ್ಟೈನ್ ಮಣ್ಣಿನ ಮಾದರಿಯನ್ನು ತ್ಯಜಿಸಲಿಲ್ಲ. ಅವರ ಭಾವಶಿಲ್ಪಗಳೆಲ್ಲ ಮಣ್ಣಿನಲ್ಲಿ ಹುಟ್ಟಿ ಕಂಚಿಗೆ ಇಳಿದವು. 1926ರ ರವೀಂದ್ರನಾಥ ಠಾಕೂರರ ಮುಖಶಿಲ್ಪ ಅವುಗಳಲ್ಲೊಂದು. ಅದರ ಒರಟು ಮೈಯಲ್ಲಿ ಬೆರಳಿನ ಒತ್ತು ಕಾಣುತ್ತದೆ. ಅಲಬಾಸ್ಟರ್ ಶಿಲೆಯ ‘ಜೇಕಬ್ ಮತ್ತು ದೇವದೂತ’ದಲ್ಲಿ (1940-41) ಶಿಲೆಯ ಭಾರವೇ ಇಬ್ಬರ ಆಲಿಂಗನದ ಭಾರವಾಗಿದೆ. ಒಬ್ಬನೇ ಶಿಲ್ಪಿ ಎರಡು ಮಾಧ್ಯಮಗಳಿಗೆ ಎರಡು ಭಾಷೆಗಳನ್ನು ಬಳಸಿದ ಉದಾಹರಣೆಯಿದು. ಇವರ ಕಿರಿಯ ಸಮಕಾಲೀನ, ಫ್ರಾನ್ಸಿನಿಂದ ಬಂದ ಹೆನ್ರಿ ಗೋದಿಯೆ-ಬ್ರೆಜೆಸ್ಕಾ 1915ರಲ್ಲಿ ಯುದ್ಧರಂಗದಲ್ಲಿ ಮಡಿದಾಗ 23 ವರ್ಷದವರು. ಕೆಲವೇ ವರ್ಷಗಳ ಅವರ ಕೃತಿಗಳು ಮುಂದಿನವರಿಗೆ ದಾರಿದೀಪವಾದವು.

ಮೂರ್ ಮತ್ತು ಹೆಪ್‌ವರ್ತ್

ಯಾರ್ಕ್‌ಷೈರ್‌ನ ಗಣಿಕಾರ್ಮಿಕರ ಕುಟುಂಬದಲ್ಲಿ ಜನಿಸಿದ ಹೆನ್ರಿ ಮೂರ್ (1898-1986) ಮತ್ತು ಅದೇ ಸೀಮೆಯ ವೇಕ್‌ಫೀಲ್ಡಿನವರಾದ ಬಾರ್ಬರಾ ಹೆಪ್‌ವರ್ತ್ (1903-1975) ಲೀಡ್ಸ್ ಕಲಾಶಾಲೆಯಲ್ಲಿಯೂ ಅನಂತರ ಲಂಡನ್ನಿನ ರಾಯಲ್ ಕಾಲೇಜ್ ಆಫ್ ಆರ್ಟ್‌ನಲ್ಲಿಯೂ ಸಹಪಾಠಿಗಳು. ಆ ಕಾಲೇಜಿನ ಶಿಕ್ಷಣಕ್ರಮಕ್ಕೂ ಮೂರ್ ಅವರ ಒಲವಿಗೂ ಇದ್ದ ಅಂತರವನ್ನು ಒಂದು ಪ್ರಸಂಗ ಸೂಚಿಸುತ್ತದೆ. ನವೋದಯ ಕಾಲದ ಇಟಲಿಯ ಶಿಲ್ಪಿ ಡೊಮೆನಿಕೊ ರೊಸೆಲ್ಲಿ ಅವರ ಕನ್ಯಾಮೇರಿಯ ಶಿರವನ್ನು ಅಮೃತಶಿಲೆಯಲ್ಲಿ ಪ್ರತಿ ಮಾಡುವ ಅಭ್ಯಾಸವನ್ನು ಅವರಿಗೆ ವಿಧಿಸಲಾಗಿತ್ತು. ಮೂರ್ ಅದನ್ನು ಅಳತೆಯ ಯಂತ್ರವಿಲ್ಲದೆ ನೇರವಾಗಿ ಕೆತ್ತಿದರು. ಬಳಿಕ ಯಂತ್ರ ಬಳಸಿದಂತೆ ತೋರಲೆಂದು ಅಲ್ಲಲ್ಲಿ ಹುಸಿ ಬಿಂದುಗಳನ್ನು ಕೊರೆದರು. ಕೈಯಿಂದ ಕೆತ್ತಿದ್ದನ್ನು ಮರೆಮಾಚಬೇಕಾದ ಪರಿಸ್ಥಿತಿ ಅಂದಿನದು.

ಮೂರ್ ಅವರ ನಿಜವಾದ ಶಾಲೆ ಬ್ರಿಟಿಷ್ ಮ್ಯೂಸಿಯಂ. ಮೆಕ್ಸಿಕೋದ ಚಾಕ್‌ಮೂಲ್ ಎಂಬ ಒರಗಿದ ಮಳೆದೇವತೆಯ ರೂಪದಿಂದ ಪ್ರೇರಿತರಾಗಿ 1929ರಲ್ಲಿ ಕಂದುಬಣ್ಣದ ಹಾರ್ನ್‌ಟನ್ ಶಿಲೆಯಲ್ಲಿ ಕೆತ್ತಿದ ಒರಗಿದ ಸ್ತ್ರೀಮೂರ್ತಿ ಈಗ ಲೀಡ್ಸ್ ಆರ್ಟ್ ಗ್ಯಾಲರಿಯ ಸಂಗ್ರಹದಲ್ಲಿದೆ. ದೇಹವು ಬೆಟ್ಟಸಾಲಿನಂತೆ ಏರಿಳಿಯುವ ಈ ಕಲ್ಪನೆ ಅವರ ಜೀವಿತದುದ್ದಕ್ಕೂ ಮರುಕಳಿಸಿತು. ಹೆಪ್‌ವರ್ತ್ ಅವರು ಅಮೃತಶಿಲೆಯ ಕೆತ್ತನೆಯನ್ನು ರೋಮಿನಲ್ಲಿ ಜೊವಾನ್ನಿ ಅರ್ದಿನಿ ಎಂಬ ಕುಶಲಿಯಿಂದ ಕಲಿತರು. ಅವರು ಅಲಬಾಸ್ಟರಿನಲ್ಲಿ 1931ರಲ್ಲಿ ಕೆತ್ತಿದ, ಯುದ್ಧಕಾಲದಲ್ಲಿ ನಾಶವಾದ ಕೃತಿಯೊಂದರಲ್ಲಿ ಕಲ್ಲನ್ನು ಈ ಬದಿಯಿಂದ ಆ ಬದಿಗೆ ತೂತುಮಾಡಿದರು. ಅನಂತರ ಮೂರ್ ಅವರ ಕೃತಿಗಳಲ್ಲಿಯೂ ಈ ರಂಧ್ರ ಮುಖ್ಯವಾಯಿತು. ಶಿಲ್ಪವೆಂದರೆ ಘನವಸ್ತುವೆಂಬ ಕಲ್ಪನೆ ಇಲ್ಲಿ ಬದಲಾಯಿತು. ಕಲ್ಲಿನೊಳಗಿನ ಶೂನ್ಯವೂ ಒಂದು ಆಕಾರವಾಯಿತು. ಹೆಪ್‌ವರ್ತ್ ಅವರ ‘ಪೆಲಗೋಸ್’ (1946) ಎಲ್ಮ್ ಮರದ ಟೊಳ್ಳು ರೂಪ. ಒಳಮೈಗೆ ತಿಳಿಬಣ್ಣ, ಬಾಯಿಗೆ ಅಡ್ಡಲಾಗಿ ತಂತಿಗಳು. ಅವರು ನೆಲೆಸಿದ್ದ ಸೇಂಟ್ ಐವ್ಸ್ ಕೊಲ್ಲಿಯ ತೀರದ ಬಾಗು ಅದರಲ್ಲಿದೆ.

ತತ್ತ್ವದ ಮಿತಿ

ನೇರ ಕೆತ್ತನೆಯು ಮೊದಲು ವಿಮೋಚನೆಯಾಗಿ ಬಂದು ಕ್ರಮೇಣ ಕಟ್ಟಳೆಯಾಯಿತು. ಮಾಧ್ಯಮಕ್ಕೆ ಪ್ರಾಮಾಣಿಕವಾಗಿರುವುದೇ ಗುಣವೆಂದಾದರೆ ಉತ್ತಮ ಕಲ್ಲುಕುಟಿಗರೆಲ್ಲರೂ ಮಹಾಶಿಲ್ಪಿಗಳಾಗಬೇಕಿತ್ತು. ಮೂರ್ ಅವರೇ ಯುದ್ಧಾನಂತರ ಅಂಗೈಯಲ್ಲಿ ಹಿಡಿಯುವಷ್ಟು ಚಿಕ್ಕ ಪ್ಲಾಸ್ಟರ್ ಮಾದರಿಗಳನ್ನು ಮಾಡಿ, ಸಹಾಯಕರ ಮೂಲಕ ಹಿಗ್ಗಿಸಿ, ಕಂಚಿನಲ್ಲಿ ಎರಕ ಹೊಯ್ಯಿಸತೊಡಗಿದರು. ಪ್ಯಾರಿಸಿನ ಯುನೆಸ್ಕೋ ಕಚೇರಿಯ ಒರಗಿದ ಮೂರ್ತಿಯನ್ನು (1957-58) ಇಟಲಿಯ ಕಲ್ಲುಕೆಲಸದವರ ನೆರವಿನಿಂದ ಕೆತ್ತಲಾಯಿತು. ನ್ಯೂಯಾರ್ಕಿನ ವಿಶ್ವಸಂಸ್ಥೆಯ ಆವರಣದಲ್ಲಿ ಡಾಗ್ ಹ್ಯಾಮರ್‌ಷೋಲ್ಡ್ ಸ್ಮರಣಾರ್ಥ 1964ರಲ್ಲಿ ನಿಂತ ಹೆಪ್‌ವರ್ತ್ ಅವರ ‘ಸಿಂಗಲ್ ಫಾರ್ಮ್’ ಕೂಡ ಕಂಚಿನದೇ. ಯಾವ ಪದ್ಧತಿಯನ್ನು ವಿರೋಧಿಸಿ ಈ ಪೀಳಿಗೆ ಹೊರಟಿತ್ತೋ ಅದೇ ಪದ್ಧತಿಗೆ ಭಾಗಶಃ ಮರಳಿತು. ಆದರೆ ಆ ಕಂಚುಗಳ ಹಿಂದೆ ಕಲ್ಲಿನಿಂದ ಕಲಿತ ಘನ-ಶೂನ್ಯಗಳ ಅರಿವು ಇದ್ದುದರಿಂದ ಅವು ವಿಕ್ಟೋರಿಯಾ ಯುಗದ ಕಂಚುಗಳಂತಾಗಲಿಲ್ಲ.

ಮೂರ್ ಅವರಿಗೆ 1951-53ರಲ್ಲಿ ಸಹಾಯಕರಾಗಿದ್ದ ಆಂಟನಿ ಕೆರೋ (1924-2013) ಮುಂದಿನ ಹೆಜ್ಜೆಯಿಟ್ಟರು. ಅವರು 1960ರಿಂದ ಉಕ್ಕಿನ ತೊಲೆ, ತಗಡುಗಳನ್ನು ಬೆಸೆದು, ಬಣ್ಣ ಬಳಿದು, ಪೀಠವಿಲ್ಲದೆ ನೇರವಾಗಿ ನೆಲದ ಮೇಲಿರಿಸಿದರು. ಸುಮಾರು 6 ಮೀಟರ್ ಉದ್ದದ, ಕೆಂಪು ಬಣ್ಣದ ‘ಅರ್ಲಿ ಒನ್ ಮಾರ್ನಿಂಗ್’ (1962) ಇದರ ಪ್ರಸಿದ್ಧ ನಿದರ್ಶನ. ಕೆತ್ತುವುದೂ ಇಲ್ಲ, ಮೆತ್ತುವುದೂ ಇಲ್ಲ, ಜೋಡಿಸುವುದೇ ಶಿಲ್ಪ. ಹುಲ್ಲಿನ ಮೇಲೆ ನಡೆದು ಮೂಡಿಸಿದ ಗೆರೆಯನ್ನೇ 1967ರಲ್ಲಿ ಕೃತಿಯಾಗಿಸಿದ ರಿಚರ್ಡ್ ಲಾಂಗ್, ಮುಂಬಯಿಯಲ್ಲಿ ಜನಿಸಿ ಲಂಡನ್ನಿನಲ್ಲಿ ನೆಲೆಸಿದ ಅನೀಶ್ ಕಪೂರ್, ಇಡೀ ಮನೆಯೊಂದರ ಒಳಾವಕಾಶವನ್ನು 1993ರಲ್ಲಿ ಕಾಂಕ್ರೀಟಿನಲ್ಲಿ ಎರಕ ಹೊಯ್ದ ರೇಚಲ್ ವೈಟ್‌ರೀಡ್ ಇವರೆಲ್ಲರೂ ಭಿನ್ನ ದಾರಿಗಳಲ್ಲಿ ಅದೇ ಪ್ರಶ್ನೆಯನ್ನು ಮುಂದುವರಿಸಿದವರು.

ರಸಗ್ರಹಣದ ಕ್ರಮ

ಮೇಲಿನ ವಿವೇಚನೆಯಿಂದ ಶಿಲ್ಪವನ್ನು ನೋಡುವವರಿಗೆ ಕೆಲವು ಸೂಚನೆಗಳು ದೊರೆಯುತ್ತವೆ. ಮೊದಲನೆಯದಾಗಿ, ವಿಷಯ ಯಾವುದೆಂದು ಕೇಳುವ ಮುನ್ನ ರೂಪವು ಯಾವ ವಸ್ತುವಿನಲ್ಲಿ ಹುಟ್ಟಿತೆಂದು ಕೇಳಬೇಕು. ಕೆತ್ತನೆ ತೆಗೆಯುವ ಕಲೆ. ಮಣ್ಣಿನ ರೂಪಣೆ ಸೇರಿಸುವ ಕಲೆ. ಮೊದಲನೆಯದರಲ್ಲಿ ಮೂಲಶಿಲೆಯ ಅಂಚುಗಳು ಮೂರ್ತಿಯನ್ನು ಬಿಗಿಯಾಗಿ ಹಿಡಿದಿರುತ್ತವೆ. ಎರಡನೆಯದರಲ್ಲಿ ಅಂಗಗಳು ಹೊರಚಾಚಬಲ್ಲವು. ಎರಡನೆಯದಾಗಿ, ಘನದಷ್ಟೇ ಗಮನವನ್ನು ಅದರ ನಡುವಣ ಹಾಗೂ ಸುತ್ತಲಿನ ಅವಕಾಶಕ್ಕೂ ನೀಡಬೇಕು. ಮೂರನೆಯದಾಗಿ, ಪೀಠವನ್ನು ಗಮನಿಸಬೇಕು. ಎತ್ತರದ ಪೀಠ ನೋಡುಗನನ್ನು ತಲೆಯೆತ್ತುವಂತೆ ಮಾಡುತ್ತದೆ. ಕೆರೋ ಅವರ ಕೃತಿ ನೋಡುಗನು ನಿಂತ ನೆಲದಲ್ಲಿಯೇ ನಿಲ್ಲುತ್ತದೆ. ನಾಲ್ಕನೆಯದಾಗಿ, ಶಿಲ್ಪವನ್ನು ಸುತ್ತಿ ನೋಡಬೇಕು. ಗ್ರಂಥಾಲಯದ ಚಿತ್ರಸಂಪುಟಗಳನ್ನು ಅವಲಂಬಿಸುವ ಸಂಶೋಧಕರು, ಛಾಯಾಚಿತ್ರವು ಒಂದೇ ಮಗ್ಗುಲನ್ನು, ಅದೂ ಛಾಯಾಗ್ರಾಹಕ ಆರಿಸಿದ ಬೆಳಕಿನಲ್ಲಿ, ತೋರಿಸುತ್ತದೆಂಬುದನ್ನು ಮರೆಯಬಾರದು.

ಶಿಲ್ಪಿಯ ಕೈಗೆ ಪ್ರಾಧಾನ್ಯ ನೀಡಿದ ಈ ಪರಂಪರೆ ಇನ್ನೊಂದು ಕಠಿಣ ಪ್ರಶ್ನೆಯನ್ನೂ ನಮ್ಮ ಮುಂದಿಟ್ಟಿದೆ. ಗಿಲ್ ತಮ್ಮ ಹೆಣ್ಣುಮಕ್ಕಳ ಮೇಲೆಯೇ ಲೈಂಗಿಕ ದೌರ್ಜನ್ಯ ಎಸಗಿದ್ದರೆಂಬುದು 1989ರಲ್ಲಿ ಫಿಯೋನಾ ಮೆಕಾರ್ತಿ ಬರೆದ ಜೀವನಚರಿತ್ರೆಯಿಂದ ಬೆಳಕಿಗೆ ಬಂದಿತು. ಬಿಬಿಸಿ ಕಟ್ಟಡದ ಮೇಲಿರುವ ಅವರ ‘ಪ್ರಾಸ್ಪೆರೊ ಮತ್ತು ಏರಿಯಲ್’ ಶಿಲ್ಪಕ್ಕೆ 2022 ಮತ್ತು 2023ರಲ್ಲಿ ಪ್ರತಿಭಟನಕಾರರು ಹಾನಿ ಮಾಡಿದರು. ಕೃತಿಯು ಕೆತ್ತಿದವನ ಕೈಗುರುತೆಂದು ಒಪ್ಪಿದ ಮೇಲೆ ಆ ಕೈಯ ಇತರ ಕೃತ್ಯಗಳನ್ನು ಕಾಣದಂತಿರಲು ಸಾಧ್ಯವಿಲ್ಲ. ಚರಿತ್ರಕಾರನು ಎರಡನ್ನೂ ದಾಖಲಿಸಬೇಕು. ಒಂದರಿಂದ ಇನ್ನೊಂದನ್ನು ಅಳಿಸಬಾರದು.

ಉಪಸಂಹಾರ

ಭಾರತದಲ್ಲಿ ಲಲಿತಕಲೆಯಿಲ್ಲವೆಂಬ ಮಾತು ಕೇಳಿಬಂದ ನಗರದಲ್ಲಿಯೇ, ಅದೇ ವರ್ಷಗಳಲ್ಲಿ, ಕೆಲವು ಶಿಲ್ಪಿಗಳು ಭಾರತದ ಕಲ್ಲುಗಳಿಂದ ಪಾಠ ಕಲಿಯುತ್ತಿದ್ದರು. ಆದುದರಿಂದ ಬ್ರಿಟಿಷ್ ಶಿಲ್ಪಕಲೆಯ ಅಧ್ಯಯನ ನಮಗೆ ಪರದೇಶದ ವಿಷಯ ಮಾತ್ರವಲ್ಲ. ಆ ಚರಿತ್ರೆಯ ಮೊದಲ ಅಧ್ಯಾಯದ ಎರಡು ಮಾದರಿಗಳು ಬೆಂಗಳೂರಿನಲ್ಲಿಯೇ ಇವೆ. ಮರೊಚೆಟ್ಟಿ ಹಾಗೂ ಬ್ರಾಕ್ ಅವರ ಈ ಪ್ರತಿಮೆಗಳ ನಿರ್ಮಾಣಕ್ರಮ, ಎರಕದ ಜೋಡಣೆ, ಅಮೃತಶಿಲೆಯ ಮೇಲಿನ ಉಪಕರಣಗಳ ಗುರುತು ಇವುಗಳ ವಿವರವಾದ ದಾಖಲೀಕರಣ ನಮ್ಮ ಸಂಶೋಧಕರು ಕೈಗೊಳ್ಳಬೇಕಾದ ಕಾರ್ಯ. ಹಾಗೆ ನೋಡಿದಾಗ, ಮಣ್ಣಿನ ಮಾದರಿಯಿಂದ ಕಲ್ಲಿನತ್ತ ಉಳಿ ತಿರುಗಿದ ಆ ಹೆಜ್ಜೆ ಎಷ್ಟು ದೊಡ್ಡದಾಗಿತ್ತೆಂಬುದು ಮನವರಿಕೆಯಾಗುತ್ತದೆ.