ಡಬ್ಬಿ ಮೆಣಸಿನಕಾಯಿಯೊಳಗಿನ ಲ್ಯಾಟಿನ್ ಪೆಟ್ಟಿಗೆ

ಬ್ಯಾಡಗಿಯ ಮೆಣಸಿನಕಾಯಿ ಮಾರುಕಟ್ಟೆಗೆ ಹೊಸಬರು ಬಂದರೆ ಮೊದಲು ಕೆಮ್ಮು, ಆಮೇಲೆ ನೋಟ. ಜನವರಿಯ ಚಳಿಯಲ್ಲಿ ಬೆಳಗಾಗುವ ಹೊತ್ತಿಗೆ ಪ್ರಾಂಗಣ ಪೂರ್ತಿ ಕೆಂಪಾಗಿರುತ್ತದೆ. ಚೀಲಗಳ ಬಾಯಿ ಬಿಚ್ಚಿದೆ. ಖರೀದಿದಾರರು ಒಂದು ಹಿಡಿ ಎತ್ತಿ, ಒಂದೆರಡು ಕಾಯಿ ಮುರಿದು, ಮೂಸಿ, ಅಂಗೈಗೆ ಹತ್ತಿದ ಬಣ್ಣ ನೋಡಿಕೊಂಡು ಮುಂದಿನ ಲಾಟಿಗೆ ಸರಿಯುತ್ತಾರೆ. ಗೋದಾಮಿನ ನೆರಳಲ್ಲಿ ಹೆಂಗಸರು ಸಾಲಾಗಿ ಕೂತು ತೊಟ್ಟು ಬಿಡಿಸುತ್ತಾರೆ. ಇಲ್ಲಿಯ ಮಾತಿನಲ್ಲಿ ಅದು ತುಂಬು. ಹೆಬ್ಬೆರಳು, ತೋರುಬೆರಳು ಸೇರಿ ಒಂದೇ ತಿರುವು. ತುಂಬು ಈ ಕಡೆ, ಕಾಯಿ ಆ ಕಡೆ. ಬೆರಳಿಗೆ ಬಟ್ಟೆ ಸುತ್ತಿದ್ದರೂ ಸಂಜೆಯ ಹೊತ್ತಿಗೆ ಉರಿ ತಪ್ಪುವುದಿಲ್ಲ.

ಈ ಊರಿನ ಬೋರ್ಡುಗಳನ್ನು ಓದುತ್ತಲೇ ನಾನು ಇಂಗ್ಲಿಷ್ ಅಕ್ಷರ ಕೂಡಿಸುವುದನ್ನು ಕಲಿತೆ. ‘ಚಿಲ್ಲಿ ಮರ್ಚಂಟ್ಸ್’ ಎಂಬ ಬೋರ್ಡುಗಳಲ್ಲಿ ಚಿಲ್ಲಿಯ ಕೊನೆಗೆ ವೈ ಇರುತ್ತಿತ್ತು. ಎಂಟನೆಯ ತರಗತಿಯ ಪರೀಕ್ಷೆಯಲ್ಲಿ ಹಾಗೆಯೇ ಬರೆದೆ. ಅರ್ಧ ಅಂಕ ಹೋಯಿತು. ‘ಇದು ಚಳಿ, ಮೆಣಸಿನಕಾಯಿ ಅಲ್ಲ’ ಎಂದು ಕೆಂಪು ಶಾಯಿಯಲ್ಲಿ ಬರೆದಿದ್ದರು. ಯಾಕೆ ಎಂದು ಕೇಳುವ ಧೈರ್ಯ ಇರಲಿಲ್ಲ. ಇಂಗ್ಲಿಷ್ ಎಂದರೆ ಕಾರಣ ಕೇಳಬಾರದ ಭಾಷೆ ಎಂದು ಆ ದಿನ ಮನಸ್ಸಿನಲ್ಲಿ ಕೂತದ್ದು ಹೋಗಲು ಬಹಳ ವರ್ಷ ಬೇಕಾದವು.

ಕಾರಣ ಇದೆ, ಅದೂ ಸೊಗಸಾದ ಕಾರಣ. ಐ ಅಕ್ಷರದಿಂದ ಮುಗಿಯುವ ಚಿಲ್ಲಿ ಮೆಕ್ಸಿಕೋದ ಅಜ್ಟೆಕರ ನಹುವಾಟ್ಲ್ ಭಾಷೆಯದು. ಸ್ಪೇನಿನವರ ಬಾಯಿಂದ ಹದಿನೇಳನೆಯ ಶತಮಾನದಲ್ಲಿ ಇಂಗ್ಲಿಷಿಗೆ ಬಂತು. ಟೊಮ್ಯಾಟೊ, ಚಾಕೊಲೆಟ್ ಕೂಡ ಅದೇ ಮನೆಯ ಮಕ್ಕಳು. ಇಂದಿಗೂ ಮೆಕ್ಸಿಕೋದಲ್ಲಿ ಹತ್ತು ಲಕ್ಷಕ್ಕೂ ಹೆಚ್ಚು ಜನ ನಹುವಾಟ್ಲ್ ಮಾತಾಡುತ್ತಾರೆ. ವೈಯಿಂದ ಮುಗಿಯುವುದು ಅಪ್ಪಟ ಹಳೆ ಇಂಗ್ಲಿಷಿನ ಶಬ್ದ, ಕೋಲ್ಡ್ ಮತ್ತು ಕೂಲ್‌ಗಳ ಒಡಹುಟ್ಟು. ಇನ್ನು ನಮ್ಮ ಚಳಿ ದ್ರಾವಿಡ ಬೇರಿನದು, ಇವೆರಡರ ಬಳಗಕ್ಕೂ ಸೇರಿದ್ದಲ್ಲ. ಮೂರು ಖಂಡಗಳ ಮೂರು ಶಬ್ದಗಳು ಒಂದೇ ದನಿಯಲ್ಲಿ ಬ್ಯಾಡಗಿಯ ಒಂದು ಬೋರ್ಡಿನ ಕೆಳಗೆ ಸೇರಿಕೊಂಡಿದ್ದವು. ಯಾರಾದರೂ ಅಂದೇ ಇದನ್ನು ಹೇಳಿದ್ದರೆ ಆ ಅರ್ಧ ಅಂಕಕ್ಕೆ ಅಷ್ಟು ನೋಯುತ್ತಿರಲಿಲ್ಲ.

ಹೆಸರಿಡುವಾಗ ಎರಡು ಕಡೆಯವರೂ ಒಂದೇ ದಾರಿ ಹಿಡಿದರು

ಮೆಣಸಿನಕಾಯಿ ನಮ್ಮ ನೆಲದ್ದಲ್ಲ. ಪೋರ್ಚುಗೀಸರ ಹಡಗಿನಲ್ಲಿ ಪಶ್ಚಿಮ ಕರಾವಳಿಗೆ ಬಂದಿಳಿದು ಘಟ್ಟ ಹತ್ತಿದ್ದು. ಬಂದ ಹೊಸ ಕಾಯಿಯನ್ನು ಏನೆಂದು ಕರೆಯುವುದು? ನಾಲಿಗೆಗೆ ಖಾರವೆಂದರೆ ಅಲ್ಲಿಯವರೆಗೆ ಮೆಣಸು. ಹಾಗಾಗಿ ಇದು ಮೆಣಸಿನ ಕಾಯಿ. ಹಳೆಯ ಯಜಮಾನ ತನ್ನ ಹೆಸರನ್ನು ಬಂದವನಿಗೆ ಬಿಟ್ಟುಕೊಟ್ಟು, ತಾನು ಕರಿಮೆಣಸು, ಕಾಳುಮೆಣಸು ಎಂದು ವಿಶೇಷಣ ಹಚ್ಚಿಕೊಳ್ಳಬೇಕಾಯಿತು. ಭೂಮಿಯ ಆ ತುದಿಯಲ್ಲಿ ಕೊಲಂಬಸನ ಜೊತೆಗಾರರೂ ಇದನ್ನೇ ಮಾಡಿದರು. ಅವರಿಗೆ ಬೇಕಾಗಿದ್ದದ್ದು ಮಲಬಾರಿನ ಕರಿಮೆಣಸು, ಸಿಕ್ಕಿದ್ದು ಇದು. ಅದಕ್ಕೂ ಮೆಣಸಿನ ಹೆಸರನ್ನೇ ಕೊಟ್ಟರು. ಇಂಗ್ಲಿಷಿನವರಿಗೂ ಇವತ್ತಿಗೆ ಕರಿಮೆಣಸು ಪೆಪ್ಪರ್, ಮೆಣಸಿನಕಾಯಿಯೂ ಪೆಪ್ಪರ್. 1543ರಲ್ಲಿ ಜರ್ಮನಿಯ ಸಸ್ಯತಜ್ಞ ಲಿಯೊನ್‌ಹಾರ್ಟ್ ಫುಕ್ಸ್ ಮೆಣಸಿನಕಾಯಿ ಗಿಡದ ಚಿತ್ರ ಅಚ್ಚು ಹಾಕಿಸಿ, ಅದು ನಮ್ಮ ಕಡೆಯದೆಂದೇ ನಂಬಿ, ‘ಕಲ್ಲಿಕೋಟೆಯ ಮೆಣಸು’ ಎಂದು ಕರೆದ.

ಪೆಪ್ಪರ್ ಎಂಬ ಶಬ್ದವನ್ನು ಹಿಂಬಾಲಿಸಿ ಹೋದರೆ ನಮ್ಮ ಅಡುಗೆಮನೆಯ ಡಬ್ಬಕ್ಕೇ ಬಂದು ನಿಲ್ಲುತ್ತೇವೆ. ಇಂಗ್ಲಿಷಿಗೆ ಲ್ಯಾಟಿನ್ನಿನ ಪಿಪೆರ್, ಅದಕ್ಕೆ ಗ್ರೀಕಿನ ಪೆಪೆರಿ, ಗ್ರೀಕಿಗೆ ನಮ್ಮ ನಾಡಿನ ಪಿಪ್ಪಲಿ. ಬಾಣಂತಿಯರ ಕಷಾಯಕ್ಕೆ ಅಜ್ಜಿ ಹಾಕುವ ಹಿಪ್ಪಲಿ ಇದೇ. ಅದೇ ಪಿಪೆರ್ ಬಾಲ್ಕನ್ ನಾಡಿನಲ್ಲಿ ಪಾಪರ್ ಆಗಿ, ಹಂಗೇರಿಯಲ್ಲಿ ಪ್ಯಾಪ್ರಿಕಾ ಆಯಿತು. ಬ್ಯಾಡಗಿ ಕಾಯಿಯ ಖ್ಯಾತಿ ಅದರ ಬಣ್ಣದಿಂದ; ಖಾರ ಕಡಿಮೆ, ಕೆಂಪು ದಟ್ಟ. ಆ ಕೆಂಪನ್ನು ಎಣ್ಣೆಯಂಥ ಸತ್ವವಾಗಿ ಹಿಂಡಿ ತಿಂಡಿಗಳಿಗೆ, ಲಿಪ್‌ಸ್ಟಿಕ್ಕಿಗೆ ಬಳಸುತ್ತಾರೆ. ರಫ್ತು ವ್ಯಾಪಾರದಲ್ಲಿ ಆ ಸತ್ವದ ಹೆಸರು ‘ಪ್ಯಾಪ್ರಿಕಾ ಓಲಿಯೊರೆಸಿನ್’. ಎರಡು ಸಾವಿರ ವರ್ಷದ ಹಿಂದೆ ಪಿಪ್ಪಲಿಯಾಗಿ ಹೋದ ಶಬ್ದ, ಗ್ರೀಸು, ರೋಮು, ಹಂಗೇರಿ ಸುತ್ತಿ, ಡ್ರಮ್ಮಿನ ಮೇಲಿನ ಚೀಟಿಯಾಗಿ ಬ್ಯಾಡಗಿ ಕಾಯಿಗೇ ಅಂಟಿಕೊಂಡಿದೆ.

ನನಗೆ ಎಲ್ಲಕ್ಕಿಂತ ಹಿಡಿಸಿದ್ದು ಡಬ್ಬಿಯ ಕತೆ. ಬ್ಯಾಡಗಿಯಲ್ಲಿ ಮುಖ್ಯವಾಗಿ ಎರಡು ಜಾತಿ: ಕಡ್ಡಿ ಮತ್ತು ಡಬ್ಬಿ. ಕಡ್ಡಿ ಉದ್ದಕ್ಕೆ, ತೆಳ್ಳಗೆ, ಮೈತುಂಬ ಸುಕ್ಕು. ಡಬ್ಬಿ ಗಿಡ್ಡಕ್ಕೆ, ದಪ್ಪಕ್ಕೆ, ಒಳಗೆ ಬೀಜ ತುಂಬಿಕೊಂಡು ಥೇಟ್ ಡಬ್ಬಿಯ ಹಾಗೆ. ಅಲ್ಲಾಡಿಸಿದರೆ ಗಲಗಲ ಅನ್ನುತ್ತದೆ. ಈ ಎರಡಕ್ಕೂ ಶಾಸ್ತ್ರದಲ್ಲಿ ಒಂದೇ ಹೆಸರು, ಕ್ಯಾಪ್ಸಿಕಮ್ ಆನ್ಯುಅಮ್. 1753ರಲ್ಲಿ ಲಿನೇಯಸ್ ಖಾಯಂ ಮಾಡಿದ್ದು. ಕ್ಯಾಪ್ಸಿಕಮ್ ಎಲ್ಲಿಂದ ಬಂತು? ಗ್ರೀಕಿನ ‘ಕಚ್ಚು’ ಎಂಬರ್ಥದ ಧಾತುವಿನಿಂದ ಎಂದು ಕೆಲವರು ಹೇಳುತ್ತಾರೆ. ಲ್ಯಾಟಿನ್ನಿನ ‘ಕಾಪ್ಸಾ’ದಿಂದ ಎನ್ನುವವರು ಹೆಚ್ಚು. ಕಾಪ್ಸಾ ಎಂದರೆ ಪೆಟ್ಟಿಗೆ, ಡಬ್ಬಿ! ಯುರೋಪಿನ ಪಂಡಿತನಿಗೂ ಬ್ಯಾಡಗಿಯ ರೈತನಿಗೂ ಒಂದೇ ಕಾಯಿ ಒಂದೇ ಬಗೆಯಲ್ಲಿ ಕಂಡಿದೆ. ಒಬ್ಬರನ್ನೊಬ್ಬರು ಕೇಳದೆಯೇ ಇಬ್ಬರೂ ಅದಕ್ಕೆ ಡಬ್ಬಿ ಎಂದರು. 2011ರಲ್ಲಿ ಬ್ಯಾಡಗಿ ಮೆಣಸಿನಕಾಯಿಗೆ ಭೌಗೋಳಿಕ ಗುರುತಿನ ಮಾನ್ಯತೆ ಸಿಕ್ಕಿತು. ಈ ಹೆಸರಿನ ಕತೆಯೂ ಅಷ್ಟೇ ಹೆಮ್ಮೆಯಿಂದ ಹೇಳಿಕೊಳ್ಳುವಂಥದ್ದು.

ಕಾಪ್ಸಾದ ವಂಶ ಇಷ್ಟಕ್ಕೇ ಮುಗಿಯುವುದಿಲ್ಲ. ಔಷಧ ಅಂಗಡಿಯ ಕ್ಯಾಪ್ಸೂಲ್ ಅದರ ಮಗಳು, ‘ಚಿಕ್ಕ ಡಬ್ಬಿ’ ಎಂದರ್ಥ. ಲೆಕ್ಕದ ಗುಮಾಸ್ತ ಎಣಿಸುವ ಕ್ಯಾಶ್ ಕೂಡ ಅದೇ. ಕ್ಯಾಶ್ ಎಂದರೆ ಮೊದಲು ದುಡ್ಡಿಡುವ ಪೆಟ್ಟಿಗೆ. ಪೆಟ್ಟಿಗೆಯ ಹೆಸರು ಕ್ರಮೇಣ ಒಳಗಿನ ದುಡ್ಡಿಗೆ ಇಳಿಯಿತು. ಹಾಗಾದರೆ ನಮ್ಮ ಕಾಸು? ಬೇರೆಯದೇ ಶಬ್ದ. ತಮಿಳು, ಕನ್ನಡದ ಕಾಸನ್ನು ಕೇಳಿದ ಪೋರ್ಚುಗೀಸರು ತಮಗೆ ಗೊತ್ತಿದ್ದ ‘ಕೈಶಾ’ ಎಂಬ ಪೆಟ್ಟಿಗೆಯ ಹೆಸರಿಗೆ ಹೊಂದಿಸಿ ಉಚ್ಚರಿಸಿದರು. ಅವರಿಂದ ಇಂಗ್ಲಿಷರಿಗೆ ಬಂದು, ಪೂರ್ವದೇಶದ ಚಿಲ್ಲರೆ ನಾಣ್ಯಕ್ಕೆ ಅವರೂ ಕ್ಯಾಶ್ ಎಂದರು. ಹೀಗೆ ಇಂಗ್ಲಿಷ್ ನಿಘಂಟಿನಲ್ಲಿ ಎರಡು ಕ್ಯಾಶ್‌ಗಳಿವೆ: ಒಂದು ರೋಮಿನ ಪೆಟ್ಟಿಗೆ, ಇನ್ನೊಂದು ನಮ್ಮ ಕಾಸು.

ಮೆಣಸಿನಕಾಯಿ ತುಂಬುವ ಗೋಣಿಯೂ ಇಂಗ್ಲಿಷಿಗೆ ಹೋಗಿ ಗನ್ನಿ ಆಗಿದೆ. ಟೆಂಡರ್ ಹೊತ್ತಿನ ಲಾಟು ಮಾತ್ರ ಅಲ್ಲಿಂದ ಬಂದದ್ದು. ಹಳೆ ಇಂಗ್ಲಿಷಿನಲ್ಲಿ ಅದು ಚೀಟಿ ಎತ್ತುವಂತೆ ಎಸೆದು ಪಾಲು ಹಂಚುತ್ತಿದ್ದ ಮರದ ತುಂಡು. ಲಾಟರಿಯೂ ಅದರ ಬಳಗದ್ದೇ. ತಂದ ಮಾಲಿಗೆ ಇವತ್ತು ಏನು ದರ ಬೀಳುತ್ತದೋ ಎಂದು ಲಾಟಿನ ಪಕ್ಕ ಕಾಯುತ್ತ ಕೂತ ರೈತನನ್ನು ನೋಡಿದರೆ, ಆ ಹಳೆಯ ಅರ್ಥ ಇನ್ನೂ ಪೂರ್ತಿ ಸತ್ತಿಲ್ಲ ಅನಿಸುತ್ತದೆ.

ರಾಣೆಬೆನ್ನೂರು: ಗಂಡು ಸಾಲು, ಹೆಣ್ಣು ಸಾಲು

ಬ್ಯಾಡಗಿಯಿಂದ ಮೋಟೆಬೆನ್ನೂರಿಗೆ ಬಂದು ಹೆದ್ದಾರಿ ಹಿಡಿದು ದಕ್ಷಿಣಕ್ಕೆ ಹೋದರೆ ರಾಣೆಬೆನ್ನೂರು. ಹತ್ತಿಗೆ ಮೊದಲಿನಿಂದ ಹೆಸರು, ಈಗ ಬೀಜೋತ್ಪಾದನೆಗೆ. ಹತ್ತಿ ಅರೆಯುವ ಜಿನ್ನಿಂಗ್ ಫ್ಯಾಕ್ಟರಿಯ ‘ಜಿನ್’ ಎಂಬುದು ಎಂಜಿನ್ನಿನ ತುಂಡು. 1793ರಲ್ಲಿ ಅಮೆರಿಕದ ಎಲಿ ವಿಟ್ನಿ ಬೀಜದಿಂದ ಅರಳೆ ಬಿಡಿಸುವ ಯಂತ್ರ ಮಾಡುವಾಗಲೇ ಯಂತ್ರಕ್ಕೆ ಜಿನ್ ಎಂಬ ಹೆಸರು ಹಳೆಯದಾಗಿತ್ತು. ಬಿಡಿಸಿದ ಅರಳೆಯ ದರ ಇವತ್ತಿಗೂ ದೇಶದ ತುಂಬ ಹೇಳುವುದು ‘ಕ್ಯಾಂಡಿ’ಗೆ ಇಷ್ಟು ಎಂದು; ಒಂದು ಕ್ಯಾಂಡಿ ಎಂದರೆ ಸುಮಾರು 356 ಕಿಲೊ. ಮಿಠಾಯಿಯ ಕ್ಯಾಂಡಿ ಇದಲ್ಲ. ಇದು ನಮ್ಮ ಅಜ್ಜಂದಿರು ಕಾಳು ಅಳೆಯುತ್ತಿದ್ದ ಖಂಡಿ. ಇಂಗ್ಲಿಷಿಗೆ ಹೋಗಿ ಬಂದದ್ದರಿಂದ ಗುರುತು ಸಿಗದಂತಾಗಿದೆ.

ಊರ ಹೊರಗಿನ ಬೀಜದ ಪ್ಲಾಟಿನಲ್ಲಿ ಸಂಜೆ ಒಂದು ತಾಸು ನಿಂತು ನೋಡಬೇಕು. ಮರುದಿನ ಅರಳಬೇಕಾದ ಮೊಗ್ಗನ್ನು ಆರಿಸಿ, ಚಿಮಟದಲ್ಲಿ ಅದರ ಕೇಸರಗಳನ್ನು ಒಂದೊಂದಾಗಿ ಕಿತ್ತು, ಗುರುತಿಗೆ ದಾರ ಕಟ್ಟುತ್ತಾರೆ. ಬೆಳಗ್ಗೆ ಇನ್ನೊಂದು ಜಾತಿಯ ಗಿಡದ ಪರಾಗ ತಂದು ಆ ಶಲಾಕೆಗೆ ಮುಟ್ಟಿಸುತ್ತಾರೆ. ಇದೇ ಕ್ರಾಸಿಂಗು. ಸಾಲುಗಳಿಗೆ ಮೇಲ್, ಫೀಮೇಲ್ ಎಂದೇ ಹೆಸರು. ಶಾಲೆಯ ಮುಖ ಹೆಚ್ಚು ಕಾಣದ ಹೆಣ್ಣುಮಕ್ಕಳ ಬಾಯಲ್ಲೂ ‘ಇದು ಫೀಮೇಲ್ ಸಾಲು, ದಾಟಬ್ಯಾಡ್ರಿ’. ಮೇಲ್ ಎಂಬುದಕ್ಕೆ ಫೀ ಸೇರಿಸಿ ಫೀಮೇಲ್ ಆಯಿತೆಂದು ಎಲ್ಲರೂ ತಿಳಿದಿದ್ದೇವೆ, ಗಂಡಿನಿಂದ ಹೆಣ್ಣು ಹುಟ್ಟಿದ ಹಾಗೆ. ನಿಜದಲ್ಲಿ ಎರಡೂ ಬೇರೆ ಬೇರೆ ಶಬ್ದಗಳು. ಮೇಲ್ ಲ್ಯಾಟಿನ್ನಿನ ಮಾಸ್ಕುಲುಸ್‌ನಿಂದ, ಇನ್ನೊಂದು ಫೆಮೆಲ್ಲಾದಿಂದ. ಫ್ರೆಂಚಿನಿಂದ ‘ಫೆಮೆಲ್’ ಎಂದು ಬಂದದ್ದನ್ನು ಇಂಗ್ಲಿಷರು ಜೋಡಿ ಹೊಂದಲೆಂದು ತಿದ್ದಿಕೊಂಡರು. ಹೆಣ್ಣಿನ ಹೆಸರು ಗಂಡಿನ ಹೆಸರಿನ ಬಾಲ ಅಲ್ಲವೆಂದು ತಿಳಿದಾಗ ನನಗೆ ಖುಷಿಯಾಗಿತ್ತು. ಇದನ್ನು ಪ್ರತಿ ಹೈಸ್ಕೂಲಿನಲ್ಲೂ ಹೇಳಬೇಕು ಅನಿಸಿತ್ತು.

ಈ ಕ್ರಾಸಿಂಗಿನಿಂದ ಬಂದ ಬೀಜಕ್ಕೆ ಹೈಬ್ರಿಡ್ ಎನ್ನುತ್ತೇವೆ. 1981ರಲ್ಲಿ ಧಾರವಾಡದಿಂದ ಬಂದ ಡಿಸಿಎಚ್-32 ಹತ್ತಿ, ಜಯಲಕ್ಷ್ಮಿ, ಈ ಭಾಗದಲ್ಲಿ ಮನೆಮಾತಾದ ಹೈಬ್ರಿಡ್. ರೋಮನ್ನರ ಕಾಲದಲ್ಲಿ ‘ಹಿಬ್ರಿಡಾ’ ಎಂದರೆ ಸಾಕಿದ ಹೆಣ್ಣುಹಂದಿಗೂ ಕಾಡುಹಂದಿಗೂ ಹುಟ್ಟಿದ ಮರಿ. ಅದಕ್ಕೆ ಎದುರಾಗಿ ನಮ್ಮಲ್ಲಿ ಜವಾರಿ ಎಂಬ ಸವಿಯಾದ ಶಬ್ದವಿದೆ: ಜವಾರಿ ಕೋಳಿ, ಜವಾರಿ ಬದನಿಕಾಯಿ, ಜವಾರಿ ಮಾತು. ಇಂಗ್ಲಿಷನ್ನು ಜವಾರಿಯೆಂದು ಯಾರೂ ಹೇಳಲಾರರು. ಜರ್ಮ್ಯಾನಿಕ್ ಮೂಲದ ಮಾತಿಗೆ ಫ್ರೆಂಚ್, ಲ್ಯಾಟಿನ್, ಗ್ರೀಕ್ ಬೆರೆತು, ಮೇಲೆ ಅರಬ್ಬಿ, ನಹುವಾಟ್ಲ್, ತಮಿಳು, ಮಲಯಾಳ, ಕನ್ನಡದ ಹನಿಗಳು ಬಿದ್ದು ಬೆಳೆದ ಬೆಳೆ ಅದು. ನಮ್ಮ ಮಕ್ಕಳು ಅದರ ಮುಂದೆ ತಲೆ ತಗ್ಗಿಸಿ ನಿಲ್ಲುವುದನ್ನು ನೋಡಿದಾಗಲೆಲ್ಲ ನನಗೆ ಸಂಕಟವಾಗುತ್ತದೆ. ಆ ಹೊಲದಲ್ಲಿ ನಮ್ಮ ಬೀಜವೂ ಇದೆ.

ಎಷ್ಟಿದೆ ನೋಡಬೇಕಾದರೆ ಯಾವುದೇ ಸಂತೆಯ ಕಿರಾಣಿ ಅಂಗಡಿ ಸಾಕು. ಕೊಬ್ಬರಿಯ ದಾಯಾದಿ ಕೊಪ್ರಾ. ಅಡಿಕೆಯ ಮಲಯಾಳ ಸೋದರ ‘ಅಡಕ್ಕ’ ಪೋರ್ಚುಗೀಸರ ಕೈಯಲ್ಲಿ ಅರೇಕಾ ಆಯಿತು. ಮಾವಿನ ಕಾಯಿ ತಮಿಳು, ಮಲಯಾಳದ ಬಾಯಲ್ಲಿ ಮಾಂಗಾಯ್, ಮಾಂಙ ಆಗಿ ಹಡಗು ಹತ್ತಿ ಮ್ಯಾಂಗೊ. ಸವಣೂರಿನ ಎಲೆಗೆ ಹಿಂದಿನಿಂದ ಹೆಸರು; ಇಂಗ್ಲಿಷಿನ ಬೀಟಲ್ ಮಲಯಾಳದ ವೆಟ್ಟಿಲದಿಂದ ಬಂದದ್ದು, ಅದರ ಕೊನೆಯ ‘ಇಲ’ ನಮ್ಮ ಎಲೆಯೇ. ಗೋವೆಯ ಪೋರ್ಚುಗೀಸರು ಕರಿ ಎಂಬ ಪದಾರ್ಥಕ್ಕೆ ‘ಕರಿಲ್’ ಎಂದದ್ದು ಕನ್ನಡದ ರೂಪದಿಂದ ಎಂದು 1886ರ ‘ಹಾಬ್ಸನ್-ಜಾಬ್ಸನ್’ ನಿಘಂಟು ದಾಖಲಿಸಿದೆ. ಆ ನಿಘಂಟಿನ ಇಬ್ಬರು ಕರ್ತೃಗಳಲ್ಲಿ ಒಬ್ಬನಾದ ಬರ್ನೆಲ್ ದಕ್ಷಿಣ ಕನ್ನಡದಲ್ಲೂ ನೌಕರಿ ಮಾಡಿದ್ದವನು. ಕಿಟೆಲ್ಲರ ಕನ್ನಡ-ಇಂಗ್ಲಿಷ್ ನಿಘಂಟು ಮಂಗಳೂರಿನಲ್ಲಿ ಅಚ್ಚಾದದ್ದು ಅದರ ಎಂಟು ವರ್ಷಕ್ಕೆ, 1894ರಲ್ಲಿ.

ಸವಣೂರು ಎಂದಾಗ ಇನ್ನೊಂದು ಮಾತು. 1909ರಲ್ಲಿ ಅಲ್ಲಿ ಹುಟ್ಟಿದ ವಿ.ಕೃ. ಗೋಕಾಕರು ಆಕ್ಸ್‌ಫರ್ಡಿನಲ್ಲಿ ಓದಿ ಇಂಗ್ಲಿಷ್ ಕಲಿಸಿದವರು, ಹೈದರಾಬಾದಿನ ಕೇಂದ್ರೀಯ ಇಂಗ್ಲಿಷ್ ಸಂಸ್ಥೆಯ ನಿರ್ದೇಶಕರಾಗಿದ್ದವರು. ಕನ್ನಡಕ್ಕೆ ಶಾಲೆಯಲ್ಲಿ ಮೊದಲ ಸ್ಥಾನ ಕೇಳಿದ 1981ರ ವರದಿಯೂ ಅವರದೇ. ಆ ವರದಿಗಾಗಿ ನಡೆದ ಚಳವಳಿಯಲ್ಲಿದ್ದ ಚಂಪಾ, ಹತ್ತಿಮತ್ತೂರಿನ ಚಂದ್ರಶೇಖರ ಪಾಟೀಲರು, ವೃತ್ತಿಯಿಂದ ಇಂಗ್ಲಿಷ್ ಪ್ರಾಧ್ಯಾಪಕರಾಗಿದ್ದವರು. ಎರಡೂ ಭಾಷೆಯ ಬೇರು ಬಲ್ಲವರಿಗೆ ಯಾವುದರ ಭಯವೂ ಇರಲಿಲ್ಲ.

ಹಾವಿನ ಕೇರಿಯಲ್ಲಿ

ಹಾವೇರಿ ಎಂದರೆ ಹಾವಿನ ಕೇರಿ ಎನ್ನುತ್ತಾರೆ. ಹಳಗನ್ನಡದಲ್ಲಿ ಅದು ಪಾವು. ಪಾಲು ಹಾಲಾದಂತೆ, ಪಿಪ್ಪಲಿ ಹಿಪ್ಪಲಿಯಾದಂತೆ ಪಾವು ಹಾವಾಯಿತು. ಇಂಗ್ಲಿಷಿನ ಪೂರ್ವಜರಿಗೂ ಪಕಾರ ನಿಲ್ಲಲಿಲ್ಲ. ಲ್ಯಾಟಿನ್ನಿನ ಪಾತೆರ್‌ಗೆ ಅವರಲ್ಲಿ ಫಾದರ್, ಪಿಸ್ಕಿಸ್‌ಗೆ ಫಿಶ್. ಮಕ್ಕಳ ಕತೆಗಳಿಗೆ ಹೆಸರಾದ ಯಾಕೋಬ್ ಗ್ರಿಮ್ 1822ರಲ್ಲಿ ಈ ನಿಯಮವನ್ನು ವಿವರಿಸಿದ. ಹಾವಿದ್ದಲ್ಲಿ ಮುಂಗುಸಿ ಇರಲೇಬೇಕು. ಇಂಗ್ಲಿಷಿನ ಮಂಗೂಸ್ ಅದೇ, ಮರಾಠಿಯ ಮೂಲಕ ಹೋದದ್ದು. ಅದರ ಬಾಲದಲ್ಲಿರುವ ‘ಗೂಸ್’ಗೂ ಅವರ ಹೆಬ್ಬಾತಿಗೂ ಏನೂ ಸಂಬಂಧವಿಲ್ಲ.

ಆದರೆ ಹಾವೇರಿಯ ಹೆಸರು ಊರಾಚೆ ಹೋದದ್ದು ಏಲಕ್ಕಿಯಿಂದ. ಇಲ್ಲಿ ಏಲಕ್ಕಿ ಬೆಳೆಯುವುದಿಲ್ಲ. ಘಟ್ಟದಿಂದ ಬಂದದ್ದನ್ನು ಇಲ್ಲಿಯ ಬಾವಿ ನೀರಿನಲ್ಲಿ, ಅಂಟುವಾಳ ಹಾಕಿ ತೊಳೆದು ಬಿಳುಪು ಮಾಡುತ್ತಿದ್ದರು. ಆ ಅಂಟುವಾಳದ ಶಾಸ್ತ್ರೀಯ ಹೆಸರು ಸಪಿಂಡಸ್, ‘ಇಂಡಿಯಾದ ಸೋಪು’. ತೊಳೆಯುವ ಕೆಲಸ ಹೋಗಿ ಹಾರ ಕಟ್ಟುವ ಕೆಲಸ ಉಳಿದಿದೆ. 2023ರ ಜನವರಿಯಲ್ಲಿ 86ನೆಯ ಅಖಿಲ ಭಾರತ ಕನ್ನಡ ಸಾಹಿತ್ಯ ಸಮ್ಮೇಳನ ಇಲ್ಲಿ ನಡೆದಾಗ ಎಲ್ಲೆಡೆ ‘ಏಲಕ್ಕಿ ಕಂಪಿನ ನಾಡು’ ಎಂಬ ಮಾತೇ.

ಹಾರ ಕಟ್ಟುವವರ ಮನೆಯೊಂದರಲ್ಲಿ ಕೂತಿದ್ದೆ. ಸಣ್ಣ ಸೂಜಿ, ಬಣ್ಣದ ದಾರ, ಮಣಿ. ಒಂದೇ ಅಳತೆಯ ಕಾಯಿಗಳನ್ನು ಬೆರಳ ತುದಿಯಿಂದಲೇ ಆರಿಸುತ್ತಿದ್ದರು, ಕಣ್ಣು ನನ್ನ ಕಡೆ. ಏಲಕ್ಕಿಗೆ ಇಂಗ್ಲಿಷಿನಲ್ಲಿ ಕಾರ್ಡಮಮ್ ಅನ್ನುವುದು ಅವರಿಗೆ ಗೊತ್ತಿತ್ತು, ಪೆಟ್ಟಿಗೆಯ ಮೇಲೆ ಅದೇ ಅಚ್ಚಾಗಿತ್ತು. ಅದು ಗ್ರೀಕರ ಶಬ್ದ ಎಂದೆ. ನಮ್ಮದು ಏಲ ಮತ್ತು ಅಕ್ಕಿ ಸೇರಿ ಏಲಕ್ಕಿ. ಮಲಯಾಳದಲ್ಲಿ ಅಕ್ಕಿಗೆ ಅರಿ, ಹಾಗಾಗಿ ಅವರಿಗೆ ಏಲತ್ತರಿ. ಡಚ್ಚರ ಗವರ್ನರ್ ವಾನ್ ರೀಡ್ 1678ರಿಂದ ಹನ್ನೆರಡು ಸಂಪುಟಗಳಲ್ಲಿ ಹೊರತಂದ ‘ಹೋರ್ತುಸ್ ಮಲಬಾರಿಕುಸ್’ನಲ್ಲಿ ಆ ಹೆಸರು ಸೇರಿ, ಅಲ್ಲಿಂದ ಸಸ್ಯಶಾಸ್ತ್ರಕ್ಕೆ ಬಂತು. ರಸೀದಿಯ ಹಿಂಭಾಗದಲ್ಲಿ ಪೂರ್ತಿ ಹೆಸರು ಬರೆದು ಕೊಟ್ಟೆ, ಕನ್ನಡ ಅಕ್ಷರದಲ್ಲೇ: ಎಲೆಟ್ಟಾರಿಯಾ ಕಾರ್ಡಮೋಮಮ್. ಅವರು ಸೂಜಿಯನ್ನು ಹಾರಕ್ಕೆ ಚುಚ್ಚಿಟ್ಟು, ಚೀಟಿ ಹಿಡಿದು, ಒಂದೊಂದೇ ಅಕ್ಷರ ಓದಿದರು. ಮತ್ತೊಮ್ಮೆ ಮೊದಲಿನಿಂದ ಓದಿದರು.

“ಇದ್ರಾಗ ನಮ್ಮ ಏಲ ಐತಲ್ರೀ” ಎಂದರು. ಚೀಟಿಯನ್ನು ಮಡಚಿ ದಾರದ ಡಬ್ಬಿಯೊಳಗೆ ಇಟ್ಟುಕೊಂಡರು.