ಮಾತಿನ ಕೆಳಗಿನ ಕೊಳಲು

ನಮ್ಮೂರಿನ ಟೆಂಟು ಸಿನಿಮಾದಲ್ಲಿ ಮುಖ್ಯ ಚಿತ್ರಕ್ಕೆ ಮೊದಲು ಸರ್ಕಾರದ ಸಾಕ್ಷ್ಯಚಿತ್ರವೊಂದನ್ನು ತೋರಿಸುವುದು ಆಗ ಕಡ್ಡಾಯವಾಗಿದ್ದಿತು. ಆ ಹತ್ತು ನಿಮಿಷಗಳು ಕಡಲೆಕಾಯಿ ಕೊಳ್ಳಲೂ ಬೀಡಿ ಸೇದಲೂ ಸರ್ಕಾರವೇ ದಯಪಾಲಿಸಿದ ಬಿಡುವೆಂದು ಜನ ಭಾವಿಸಿದ್ದರು. ನಾನೂ ಅವರಲ್ಲೊಬ್ಬನು. ಅಣೆಕಟ್ಟು, ಗೊಬ್ಬರ, ಸಿಡುಬಿನ ಲಸಿಕೆ ಇವುಗಳ ನಡುವೆ ಕೊಳಲಿನ ಎಳೆಯೊಂದು ಹರಿದುಹೋಗುತ್ತಿದ್ದುದು ಕಿವಿಗೆ ಬಿದ್ದಿತ್ತು, ಮನಸ್ಸಿಗೆ ಬಿದ್ದಿರಲಿಲ್ಲ. ಪರದೆಯ ಮೇಲೆ ಮಿಂಚಿ ಮರೆಯಾಗುತ್ತಿದ್ದ ವಿಜಯ ರಾಘವ ರಾವ್ ಎಂಬ ಹೆಸರನ್ನು ನಾನು ಗಮನವಿಟ್ಟು ಓದಿದ್ದು ಎಷ್ಟೋ ವರ್ಷಗಳ ಮೇಲೆ.

1925ರಲ್ಲಿ ಮದರಾಸಿನಲ್ಲಿ ಹುಟ್ಟಿದ ಅವರು ಹಿಂದೂಸ್ತಾನಿ ಪದ್ಧತಿಯ ಕೊಳಲುವಾದಕರು, ಪಂಡಿತ ರವಿಶಂಕರರ ಶಿಷ್ಯರು. 1948ರಲ್ಲಿ ಸ್ಥಾಪಿತವಾದ ಫಿಲ್ಮ್ಸ್ ಡಿವಿಷನ್ನಿನ ಚಿತ್ರಗಳಿಗೆ ದೀರ್ಘಕಾಲ ಸಂಗೀತ ಕೂಡಿಸಿದರು. ಕಚೇರಿಯ ವೇದಿಕೆಯನ್ನು ಬಲ್ಲ ಕಲಾವಿದನಿಗೆ ಇದೆಂತಹ ಕೆಲಸವೆಂಬುದನ್ನು ವಾಚಕರು ಊಹಿಸಿಕೊಳ್ಳಬೇಕು. ಮೂವತ್ತೈದು ಮಿಲಿಮೀಟರ್ ಫಿಲ್ಮು ನಿಮಿಷಕ್ಕೆ 90 ಅಡಿ ಓಡುತ್ತದೆ. ಒಂದು ರಾಗದ ಆಲಾಪಕ್ಕೆ ಗಂಟೆ ಸಾಲದೆನ್ನುವವರು ಇಲ್ಲಿ 45 ಅಡಿಯಲ್ಲಿ, ಎಂದರೆ ಅರ್ಧ ನಿಮಿಷದಲ್ಲಿ, ನದಿಯನ್ನೂ ತೋರಿಸಿ ದಡವನ್ನೂ ಮುಟ್ಟಿಸಬೇಕು. ಅಷ್ಟರಲ್ಲಿ ವ್ಯಾಖ್ಯಾನಕಾರರ ಗಂಭೀರ ಕಂಠ ಬಂದೊಡನೆ ಕೊಳಲು ತಗ್ಗಬೇಕು. ಸಾಲದ್ದಕ್ಕೆ, ಒಂದೇ ಸಂಗೀತದ ಮೇಲೆ ಹಿಂದಿ, ಕನ್ನಡ, ತಮಿಳು, ಬಂಗಾಳಿ ಹೀಗೆ ಹಲವು ನುಡಿಗಳ ವ್ಯಾಖ್ಯಾನವನ್ನು ಕೂರಿಸುತ್ತಿದ್ದರು. ಒಂದು ನುಡಿಯಲ್ಲಿ ವಾಕ್ಯ ಮುಗಿದು ಕೊಳಲಿಗೆ ಎಡೆ ದೊರೆಯುವ ಕಡೆಯಲ್ಲಿ ಇನ್ನೊಂದು ನುಡಿಯ ಕ್ರಿಯಾಪದ ಇನ್ನೂ ಬಂದೇ ಇರದು!

ಈ ಕಂಠದಿಂದ ಅವರಿಗೆ ಬಿಡುಗಡೆ ದೊರೆತದ್ದು ಸುಖದೇವ್ ನಿರ್ದೇಶಿಸಿದ ‘ಇಂಡಿಯಾ 67’ ಚಿತ್ರದಲ್ಲಿ. ಸುಮಾರು ಒಂದು ಗಂಟೆಯ ಆ ಚಿತ್ರದಲ್ಲಿ ವ್ಯಾಖ್ಯಾನದ ಒಂದು ಮಾತೂ ಇಲ್ಲ. ಹೊಲ, ಯಂತ್ರ, ಬೀದಿ, ಜಾತ್ರೆ ಒಂದರ ಮೇಲೊಂದು ಬರುತ್ತವೆ. ಇದು ಪ್ರಗತಿ, ಇದು ದಾರಿದ್ರ್ಯ ಎಂದು ಬೆರಳು ಮಾಡಿ ಹೇಳುವವರಿಲ್ಲ. ನಾದವೇ ಹೇಳಬೇಕು, ಇಲ್ಲವೆ ಸುಮ್ಮನಿರಬೇಕು. ಸುಮ್ಮನಿರುವುದೂ ಸಂಗೀತಗಾರನ ವಿದ್ಯೆಯೆಂದು ನನಗೆ ಹೊಳೆದದ್ದು ಆ ಚಿತ್ರವನ್ನು ಕಂಡಾಗಲೇ. ಮರುವರ್ಷ ಪ್ರಮೋದ್ ಪತಿಯವರ ‘ಎಕ್ಸ್‌ಪ್ಲೋರರ್’, ಕಣ್ಣು ಕುಕ್ಕುವ ವೇಗದ ಚಿತ್ರ. ಅದು ನನ್ನ ಅಭಿರುಚಿಗೆ ಒಗ್ಗಲಿಲ್ಲ, ಆದರೂ ಸರ್ಕಾರಿ ಕಚೇರಿಯೊಂದರೊಳಗೆ ಇಷ್ಟು ಸ್ವಾತಂತ್ರ್ಯವಿತ್ತೇ ಎಂದು ಬೆರಗಾದೆ.

1969ರಲ್ಲಿ ಮೃಣಾಲ್ ಸೇನರ ‘ಭುವನ್ ಶೋಮ್’ ಬಂದಿತು. ಅದಕ್ಕೂ ಅವರದೇ ಸಂಗೀತ. 1970ರಲ್ಲಿ ಪದ್ಮಶ್ರೀ ದೊರೆಯಿತು. ಆದರೆ ರಸಿಕರು ಅವರನ್ನು ನೆನೆಯುವುದು ಕೊಳಲುವಾದಕರೆಂದು, ಹೆಚ್ಚೆಂದರೆ ಆ ಒಂದು ಕಥಾಚಿತ್ರಕ್ಕಾಗಿ. ದೇಶದ ಚಿತ್ರಮಂದಿರಗಳಲ್ಲೆಲ್ಲ ಅವರ ನಾದ ಕೇಳಿಬರುತ್ತಿದ್ದಾಗ ನಾವು ಹೊರಗೆ ನಿಂತಿದ್ದೆವು. 2011ರಲ್ಲಿ ಅವರು ತೀರಿಕೊಂಡರು.

ಈಚೆಗೆ ಕೆಲವು ವಿದ್ಯಾರ್ಥಿಗಳಿಗೆ ‘ಇಂಡಿಯಾ 67’ ತೋರಿಸಿದೆನು. ಮೊದಲ ಹತ್ತು ನಿಮಿಷದಲ್ಲೇ ಇಬ್ಬರು ಮೆಲ್ಲನೆ ಎದ್ದು ಹೊರಗೆ ಹೋದರು. ನಾನು ತಡೆಯಲಿಲ್ಲ, ತಡೆಯುವ ಅಧಿಕಾರ ನನಗೆಲ್ಲಿಂದ ಬರಬೇಕು?